"ಸರ್, ಯಾವ ಫೋಟೋ ಹಾಕಿಸೋಣ?"

ಮದುವೆ ಆಲ್ಬಂ, ಸ್ವಾಗತದ ಬ್ಯಾನರ್, ಕರೆಯೋಲೆ, ಇವುಗಳ ಡಿಸೈನೇ ನನ್ನ ಕಸುಬು. ಲಗ್ನದ ಸೀಸನ್ ಬಂತೆಂದರೆ ವಾಟ್ಸಾಪ್‌ಗೆ ಜೋಡಿ ಫೋಟೋಗಳು ರಾಶಿ ಬೀಳುತ್ತವೆ. ಕೆಳಗೆ ಅದೇ ಪ್ರಶ್ನೆ: "ಸರ್, ಇದರಲ್ಲಿ ಯಾವುದು ಚೆನ್ನಾಗಿದೆ? ಯಾವುದು ಹಾಕಿಸೋಣ?"

ಯಾವುದು ಚೆನ್ನಾಗಿದೆ ಅಂತ ನಾನು ಹೇಳುವುದಿಲ್ಲ. ಎಲ್ಲಿಗೆ ಅಂತ ಕೇಳುತ್ತೇನೆ. ಛತ್ರದ ಬಾಗಿಲಿಗೋ, ಕರೆಯೋಲೆಗೋ, ಮನೆಯ ಗೋಡೆಗೋ? ನೋಡುವವರು ಬೇರೆ, ನಿಂತು ನೋಡುವ ದೂರವೂ ಬೇರೆ. ಒಂದೇ ಫೋಟೋ ಮೂರಕ್ಕೂ ಒಗ್ಗುವುದು ಅಪರೂಪ.

ಮೊದಲು ಛತ್ರದ ಬಾಗಿಲು. ಒಳ್ಳೆಯ ಮುಹೂರ್ತ ಇದ್ದ ದಿನ ಒಂದೇ ರಸ್ತೆಯ ಎರಡು ಮೂರು ಛತ್ರಗಳಲ್ಲೂ ವಾಲಗ ಊದುತ್ತಿರುತ್ತದೆ. ಹುಡುಗಿಯ ಸೋದರತ್ತೆ ಬಸ್ಸಿಳಿದು ಆಟೋ ಹಿಡಿದು ಬಂದವರು, ಕತ್ತು ಹೊರಗೆ ಹಾಕಿ "ಇದೇ ಕಣಪ್ಪ, ನಿಲ್ಲಿಸು" ಅನ್ನಬೇಕು. ಬ್ಯಾನರ್ ಇರುವುದೇ ಅದಕ್ಕೆ. ಆದರೆ ನನಗೆ ಬರುವುದು ನಂದಿಬೆಟ್ಟದ ಸೂರ್ಯೋದಯದ ಎದುರು ಕಪ್ಪು ನೆರಳಾಗಿ ನಿಂತ ಜೋಡಿ, ಇಲ್ಲವೇ ಹಂಪಿಯ ಬಂಡೆಗಳ ನಡುವೆ ಹೆಬ್ಬೆರಳುದ್ದ ಕಾಣುವ ಜೋಡಿ. ಫೋಟೋ ಚೆಂದವೇ, ತಕರಾರಿಲ್ಲ. ಅತ್ತೆಗೆ ಮಾತ್ರ ಗುರುತು ಹತ್ತುವುದಿಲ್ಲ. ಕೂಲಿಂಗ್ ಗ್ಲಾಸ್ ಹಾಕಿದ್ದರೂ ಅದೇ ಪಾಡು. ಫೋನ್ ಗ್ಯಾಲರಿಯಲ್ಲಿ ಚಿಕ್ಕ ಚೌಕವಾಗಿ ಕಾಣುತ್ತದಲ್ಲ, ಅಷ್ಟೇ ಇಟ್ಟು ಕೈ ಚಾಚಿ ಹಿಡಿದು ನೋಡಿ. ಇಬ್ಬರ ಮುಖವೂ ಗೊತ್ತಾದರೆ ಬಾಗಿಲಿಗೆ ಅದು ನಡೆಯುತ್ತದೆ.

ಇನ್ನೊಂದು ಗಮನಿಸಬೇಕಾದ್ದು, ಖಾಲಿ ಜಾಗ. ಬ್ಯಾನರ್ ಅಡ್ಡಕ್ಕಿರುತ್ತದೆ, ಫೋನಿನ ಸೆಲ್ಫಿ ಉದ್ದಕ್ಕಿರುತ್ತದೆ. ತಲೆ ಮೇಲಿನ ಅಂಚಿಗೆ ತಾಗಿದ್ದರೆ "ಸುಸ್ವಾಗತ" ಎಲ್ಲಿ ಬರೆಯೋಣ? ಕೆಲವು ಕಡೆ ಫೋಟೋವನ್ನೇ ಅಡ್ಡಕ್ಕೆ ಎಳೆದು ತುಂಬಿಸಿಬಿಡುತ್ತಾರೆ, ಹುಡುಗ ಒಂದೇ ರಾತ್ರಿಯಲ್ಲಿ ಹದಿನೈದು ಕೆಜಿ ದಪ್ಪ.

ದೊಡ್ಡ ಬ್ಯಾನರ್‌ಗೆ ಭಾರೀ ಫೈಲ್ ಬೇಕು, ಆಲ್ಬಂಗೆ ಹೇಗಿದ್ದರೂ ಆದೀತು ಅಂತ ಬಹಳ ಜನ ಅಂದುಕೊಂಡಿದ್ದಾರೆ. ಇಂಚಿನ ಲೆಕ್ಕದಲ್ಲಿ ಇರುವುದು ತಿರುಗುಮುರುಗು. ಬ್ಯಾನರ್ ನೋಡುವುದು ದೂರದಿಂದ, ಇಂಚಿಗೆ 72ರಿಂದ 100 ಪಿಕ್ಸೆಲ್ ಇದ್ದರೂ ಸಾಕು. ಆಲ್ಬಂ ತೊಡೆಯ ಮೇಲೆ ಇಟ್ಟುಕೊಂಡು ನೋಡುವಂಥದ್ದು, ಅದಕ್ಕೆ 300 ಬೇಕು. 12 ಇಂಚು, 18 ಇಂಚಿನ ಒಂದು ಪುಟಕ್ಕೆ 3600 × 5400 ಪಿಕ್ಸೆಲ್ ಆಯಿತು.

ಪಿಕ್ಸೆಲ್ ಇದ್ದರೂ ಕೈಕೊಡುವುದು ಬ್ಯೂಟಿ ಫಿಲ್ಟರ್. ಫೋನಿನಲ್ಲಿ ಹೊಳೆಯುವ ಕೆನ್ನೆ ನಾಲ್ಕಡಿಗೆ ಹಿಗ್ಗಿದರೆ ಪ್ಲಾಸ್ಟಿಕ್ ಬೊಂಬೆಯದ್ದು. ಹಿನ್ನೆಲೆ ಮಸುಕು ಮಾಡುವ ಪೋರ್ಟ್ರೇಟ್ ಮೋಡ್ ಬಳಸಿದ್ದರೆ ಫೋಟೋವನ್ನು ಹಿಗ್ಗಿಸಿ ಕಿವಿಯ ಹತ್ತಿರ ನೋಡಿ. ಜುಮುಕಿಯ ಕೊನೆಯ ಮಣಿ, ಮಲ್ಲಿಗೆ ದಂಡೆಯ ಅಂಚು, ಹಾರುವ ಎರಡು ಕೂದಲು, ಇವೆಲ್ಲ ಹಿನ್ನೆಲೆಯ ಜೊತೆಗೇ ಕರಗಿಹೋಗಿರುತ್ತವೆ. ಅದನ್ನು ಸರಿಮಾಡಿ ಕೊಡಿ ಅಂದರೆ ನಾನು ಮಲ್ಲಿಗೆಯನ್ನು ಹೊಸದಾಗಿ ಬರೆಯಬೇಕಾಗುತ್ತದೆ.

ಬಣ್ಣದ ವಿಚಾರಕ್ಕೆ ಇಷ್ಟು ಸಾಕು: ಪರದೆಯ ಮೇಲೆ ಮಿಂಚುವ ನೀಲಿ, ಗಿಳಿಹಸಿರು ಇಂಕಿನಲ್ಲಿ ಒಂದು ಮೆಟ್ಟಿಲು ಇಳಿಯುತ್ತವೆ. ಪ್ಲಾಸ್ಟಿಕ್ ಫ್ಲೆಕ್ಸನ್ನು ನಮ್ಮ ರಾಜ್ಯ ಸರ್ಕಾರ 2016ರಲ್ಲೇ ನಿಷೇಧಿಸಿದೆ. ಬಟ್ಟೆಯ ಮೇಲೆ ಹಾಕಿಸುವಾಗ ಬಣ್ಣ ಇನ್ನೂ ಮೆತ್ತಗಾಗುತ್ತದೆ ಅಂತ ಮೊದಲೇ ಲೆಕ್ಕ ಹಿಡಿದಿರಿ.

ಕರೆಯೋಲೆಗೆ ಯಾವುದು ಅಂದರೆ, ಯಾವುದೂ ಬೇಡ ಅನ್ನುವವನು ನಾನು. ಮೂಲೆಗೆ ಅರಿಶಿನ ಹಚ್ಚಿ ದೇವರ ಮುಂದಿಟ್ಟು ಹಂಚುವ ಕಾಗದ ಅದು. ಮದುವೆ ಮುಗಿದ ವಾರಕ್ಕೆ ನಿಮ್ಮ ಮುಖ ಯಾರದೋ ಮನೆಯ ಹಳೇ ಪೇಪರ್ ಕಟ್ಟಿನಲ್ಲಿರುತ್ತದೆ. ಫೋಟೋ ಹಾಕುವ ಆಸೆ ಇದ್ದರೆ ವಾಟ್ಸಾಪ್ ಆಹ್ವಾನಕ್ಕೆ ಹಾಕಿ.

ಮದುವೆ ಆದ ಮೇಲೆ ತುರ್ತಾಗಿ ಬೇಕಾಗುವ ಫೋಟೋ ಒಂದಿದೆ, ಅದನ್ನು ಯಾರೂ ಕೇಳುವುದಿಲ್ಲ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ವಿವಾಹ ನೋಂದಣಿಗೆ ಹೋದರೆ ಕರೆಯೋಲೆಯ ಜೊತೆ ಮದುವೆಯ ಫೋಟೋವನ್ನೂ ಕೇಳುತ್ತಾರೆ. ಬಾಸಿಂಗದಿಂದ ಮುಖ ಮರೆಯಾದದ್ದು, ಹಾರ ಮೂಗಿನವರೆಗೆ ಏರಿದ್ದು ಬೇಡ. ಇಬ್ಬರ ಮುಖವೂ ನೆಟ್ಟಗೆ ಕಾಣುವಂಥದ್ದು ಇರಲಿ. ಆಲ್ಬಂ ಬರಲು ತಿಂಗಳುಗಟ್ಟಲೆ ಹಿಡಿಯುತ್ತದೆ. ಹಾಗಾಗಿ ಅದೊಂದನ್ನು ಫೋಟೋಗ್ರಾಫರ್ ಹತ್ತಿರ ಅದೇ ವಾರ ಇಸಿದುಕೊಳ್ಳಿ.

ಇನ್ನು ಗೋಡೆಯದ್ದು. ಜಗಳ ಆಗುವುದು ಇಲ್ಲೇ. ಒಬ್ಬರು ತಾಯಿ, ಮಗಳು ನನ್ನ ಮಾನಿಟರ್ ಮುಂದೆ ಕೂತಿದ್ದರು. ತಾಯಿ ಆರಿಸಿದ್ದು ರಿಸೆಪ್ಷನ್ ಸ್ಟೇಜಿನದ್ದು: ಡಾಬು, ವಂಕಿ, ಉದ್ದನೆಯ ಸರ ಎಲ್ಲವೂ ಇತ್ತು, ಇಬ್ಬರೂ ಧ್ವಜವಂದನೆಗೆ ನಿಂತಂತಿದ್ದರು. ಮಗಳು ಆರಿಸಿದ್ದು ಅರುಂಧತಿ ನಕ್ಷತ್ರ ತೋರಿಸುವಾಗಿನದ್ದು. ಕಾಡಿಗೆ ಸ್ವಲ್ಪ ಹರಡಿದೆ, ಕೂದಲಲ್ಲಿ ಅಕ್ಷತೆ, ಗಂಡನ ಪೇಟ ಓರೆ. "ಅಯ್ಯೋ, ಇದರಲ್ಲಿ ಸರವೇ ಕಾಣಲ್ವಲ್ಲೇ" ಅಂದರು ತಾಯಿ.

ನಾನು ಮಗಳ ಕಡೆ. ಅದಕ್ಕೆ ಕಾರಣ ಪ್ರೀತಿಗಿಂತ ಬೆಳಕು. ಛತ್ರದೊಳಗೆ ಸ್ಟೇಜಿನ ಎಲ್ಇಡಿಗಳು ಒಂದು ಕೆನ್ನೆಗೆ ನೇರಳೆ, ಇನ್ನೊಂದಕ್ಕೆ ಹಸಿರು ಬಳಿದಿರುತ್ತವೆ. ಅರುಂಧತಿಯನ್ನು ನೋಡಲು ಹೊರಗೆ ಬರುತ್ತಾರಲ್ಲ, ಇಡೀ ದಿನದಲ್ಲಿ ಮದುಮಕ್ಕಳ ಮುಖಕ್ಕೆ ಹಗಲಿನ ಬೆಳಕು ಬೀಳುವುದು ಹೆಚ್ಚಿನ ಮದುವೆಗಳಲ್ಲಿ ಆಗ ಮಾತ್ರ. ತಾಳಿ ಬಿದ್ದಾಗಿದೆ, ಬಿಗಿದ ಹೆಗಲು ಇಳಿದಿರುತ್ತದೆ. ಸಪ್ತರ್ಷಿ ಮಂಡಲದ ಆ ಪುಟ್ಟ ನಕ್ಷತ್ರ ಮಟಮಟ ಮಧ್ಯಾಹ್ನ ಕಾಣುವುದಾದರೂ ಹೇಗೆ? ಭಟ್ಟರು ಬೆರಳು ತೋರಿಸುತ್ತಾರೆ, ಇಬ್ಬರೂ ಬರೀ ಆಕಾಶ ನೋಡಿ "ಕಾಣ್ತು" ಅಂತಾರೆ, ಆಮೇಲೆ ಒಬ್ಬರನ್ನೊಬ್ಬರು ನೋಡಿ ನಗು ತಡೆಯಲಾಗುವುದಿಲ್ಲ. ಫೋಟೋಗ್ರಾಫರ್ "ಸ್ಮೈಲ್ ಪ್ಲೀಸ್" ಅಂದು ತರಿಸಿದ ನಗು ಅದರ ಹತ್ತಿರವೂ ಬರದು.

ಕೊನೆಗೆ ತಾಯಿಯ ಫೋಟೋ ತವರಿನ ಗೋಡೆಗೆ, ಮಗಳದ್ದು ಮಗಳ ಮನೆಗೆ ಅಂತ ಎರಡು ಫ್ರೇಮ್ ಆಯಿತು. ಎರಡು ಫ್ರೇಮ್ ಮಾಡಿಸಲು ಆಗುವವರಿಗೆ ನಾನು ಹೇಳುವ ಪರಿಹಾರವೂ ಇದೇ. ಅವಸರವಿಲ್ಲದಿದ್ದರೆ ಗೋಡೆಯ ಫೋಟೋವನ್ನು ನಾಲ್ಕಾರು ತಿಂಗಳು ಬಿಟ್ಟು ಆರಿಸಿ. ಮೊದಲ ವಾರದಲ್ಲಿ ಅವಳಿಗೆ ತನ್ನ ಕಾಡಿಗೆ, ಅವನಿಗೆ ತನ್ನ ಹೊಟ್ಟೆ ಬಿಟ್ಟರೆ ಬೇರೇನೂ ಕಾಣುವುದಿಲ್ಲ.

ಯಾವುದನ್ನೇ ಆರಿಸಿ, ನನಗೆ ಕಳಿಸುವಾಗ ಮಾತ್ರ ಡಾಕ್ಯುಮೆಂಟ್ ಆಗಿ ಕಳಿಸಿ. ಸುಮ್ಮನೆ ಫೋಟೋ ಅಂತ ಕಳಿಸಿದರೆ ವಾಟ್ಸಾಪ್ ಅದನ್ನು ಕುಗ್ಗಿಸಿ ಕೊಡುತ್ತದೆ. ಸ್ಟೇಟಸ್‌ನಿಂದ ತೆಗೆದ ಸ್ಕ್ರೀನ್‌ಶಾಟ್ ಅಂತೂ ಬೇಡವೇ ಬೇಡ.