ಹಾರ್ಲೆಮ್‌ನಲ್ಲಿ ಊಟ, ಇತಿಹಾಸ, ನಾಲ್ಕು ಗಂಟೆ ನಡಿಗೆ: ಹೋಗೋ ಪ್ಲಾನ್ ಇರೋರಿಗೆ

ಈ ಸಲ ಅಪ್ಪ ಅಮ್ಮ ನ್ಯೂಜೆರ್ಸಿಗೆ ಬಂದಿದ್ರಲ್ಲ, ಲಿಬರ್ಟಿ ಪ್ರತಿಮೆ, ಟೈಮ್ಸ್ ಸ್ಕ್ವೇರ್, ನಯಾಗರ ಎಲ್ಲ ಆದ್ಮೇಲೆ ಅಪ್ಪ "ಇನ್ನು ಗಾಜಿನ ಬಿಲ್ಡಿಂಗ್ ತೋರಿಸ್ಬೇಡ ಕಣಮ್ಮಾ, ಕತ್ತು ನೋಯುತ್ತೆ" ಅಂದ್ಬಿಟ್ರು. ಅವ್ರು ತಿಪಟೂರು ಕಡೆ ಹೈಸ್ಕೂಲಲ್ಲಿ ಹಿಸ್ಟರಿ ಮೇಷ್ಟ್ರಾಗಿದ್ದೋರು, ಅವ್ರಿಗೆ ಜನ ಬೇಕು, ಕಥೆ ಬೇಕು. ಹಂಗಾಗಿ ನ್ಯೂಯಾರ್ಕ್‌ನ ಮ್ಯಾನ್‌ಹ್ಯಾಟನ್‌ನಲ್ಲಿರೋ, ಕಪ್ಪು ಜನರ ಬಡಾವಣೆ ಅಂತಾನೇ ಹೆಸರಾದ ಹಾರ್ಲೆಮ್‌ಗೆ ಒಂದು ಫುಡ್ ಅಂಡ್ ಹಿಸ್ಟರಿ ವಾಕಿಂಗ್ ಟೂರ್ ಬುಕ್ ಮಾಡಿದೆ. ಆಮೇಲೆ ಇಲ್ಲಿನ ನಮ್ಮೋರು ಎಷ್ಟೋ ಜನ ವಾಟ್ಸಾಪಲ್ಲಿ ಹೆಂಗಿತ್ತು, ವೆಜ್ ಸಿಗುತ್ತಾ, ಸೇಫಾ ಅಂತ ಕೇಳಿದ್ರು, ಎಲ್ಲರಿಗೂ ಒಂದೇ ಸಲ ಬರೀತಿದೀನಿ.

ಮೊದ್ಲು ಆ ಸೇಫಾ ಅನ್ನೋ ಪ್ರಶ್ನೆ. ನಾವು ಹೋಗಿದ್ದು ಗುರುವಾರ ಬೆಳಿಗ್ಗೆ ಹನ್ನೊಂದಕ್ಕೆ, ವಾಪಸ್ ಬಂದಿದ್ದು ಸಂಜೆ, ರಸ್ತೆ ತುಂಬ ಸ್ಕೂಲ್ ಮಕ್ಕಳು, ತರಕಾರಿ ಚೀಲ ಹಿಡ್ಕೊಂಡ ಅಜ್ಜಿಯರು. ಅಮ್ಮನಿಗೆ ಇಬ್ರು ಅಪರಿಚಿತ ಹೆಂಗಸರು ಸೀರೆ ಚೆನ್ನಾಗಿದೆ ಅಂತ ನಿಲ್ಲಿಸಿ ಹೇಳಿ ಹೋದ್ರು. ದೊಡ್ಡ ಊರಲ್ಲಿ ಇಟ್ಕೊಳ್ಳೋ ಎಚ್ಚರ ಇಟ್ಕೊಳಿ, ಸಾಕು. ಎಂಬತ್ತರ ದಶಕದ ಸಿನಿಮಾ ನೋಡಿ ಇವತ್ತಿಗೂ ಹೆದರ್ಕೊಂಡು ಕೂತಿರೋ ನಮ್ಮೋರಿದಾರೆ, ಅದರಲ್ಲಿ ಅರ್ಧ ಹೆದರಿಕೆ, ಅರ್ಧ ಬಣ್ಣದ ಮೇಲಿನ ನಮ್ಮ ಹಳೇ ರೋಗ ಅಂತ ನನಗನ್ಸುತ್ತೆ, ಬೇಜಾರ್ ಮಾಡ್ಕೊಬೇಡಿ.

ಹೋಗೋದು ಸುಲಭ, ಆದ್ರೆ ಒಂದು ಗುಂಡಿ ಇದೆ, ನನ್ನ ಗಂಡ ಅದರಲ್ಲೇ ಬಿದ್ದ. 125ನೇ ಬೀದಿ ಅನ್ನೋ ಹೆಸರಿನ ಸಬ್‌ವೇ ಸ್ಟೇಷನ್ ಒಂದಲ್ಲ, ನಾಲ್ಕಿದೆ! 1ನೇ ಟ್ರೇನಿಂದು ಪಶ್ಚಿಮಕ್ಕೆ ಬ್ರಾಡ್‌ವೇ ಮೇಲೆ, ಎ-ಬಿ-ಸಿ-ಡಿ ಟ್ರೇನ್‌ಗಳದ್ದು ಸೇಂಟ್ ನಿಕೊಲಸ್ ಅವೆನ್ಯೂಲಿ, 2 ಮತ್ತು 3ರದ್ದು ಲೆನಾಕ್ಸ್ ಅವೆನ್ಯೂಲಿ, 4-5-6ರದ್ದು ಪೂರ್ವಕ್ಕೆ ಲೆಕ್ಸಿಂಗ್ಟನ್‌ನಲ್ಲಿ. ನಾವು ನ್ಯೂಜೆರ್ಸಿಯ ಮೆಟ್ರೋಪಾರ್ಕಿಂದ ಟ್ರೇನಲ್ಲಿ ಪೆನ್ ಸ್ಟೇಷನ್‌ಗೆ ಬಂದು ಅಲ್ಲೇ 2ನೇ ಟ್ರೇನ್ ಹತ್ತಿ ಸೀದಾ ಲೆನಾಕ್ಸ್‌ಗೆ ಇಳಿದ್ವಿ, ಅವನು ಆಫೀಸಿಂದ ಒಬ್ನೇ ಬರ್ತಾ 1 ಹತ್ತಿ ಬ್ರಾಡ್‌ವೇಲಿ ಇಳ್ದು, "ನಾನು 125ರಲ್ಲೇ ಇದೀನಿ, ನೀವೆಲ್ಲಿ" ಅಂತ ಇಪ್ಪತ್ತು ನಿಮಿಷ ಫೋನಲ್ಲಿ ಜಗಳ. ಟೂರ್‌ನೋರು ಕೊಡೋ ಅಡ್ರೆಸ್ಸಲ್ಲಿ ಅವೆನ್ಯೂ ಯಾವ್ದು ಅಂತ ನೋಡ್ಕೊಳಿ. ಅವೆನ್ಯೂಗಳಿಗೂ ಎರಡೆರಡು ಹೆಸರು, ಲೆನಾಕ್ಸ್ ಅಂದ್ರೂ ಮಾಲ್ಕಮ್ ಎಕ್ಸ್ ಬುಲವಾರ್ಡ್ ಅಂದ್ರೂ ಒಂದೇ, ಏಳನೇ ಅವೆನ್ಯೂ ಇಲ್ಲಿ ಆಡಂ ಕ್ಲೇಟನ್ ಪೊವೆಲ್ ಜೂನಿಯರ್, ಎಂಟನೇದು ಫ್ರೆಡರಿಕ್ ಡಗ್ಲಸ್, 125ನೇ ಬೀದಿಗೇ ಮಾರ್ಟಿನ್ ಲೂಥರ್ ಕಿಂಗ್ ಹೆಸರು. ನಮ್ಮಲ್ಲಿ ಎಂ.ಜಿ. ರೋಡ್ ಇದ್ದಂಗೆ, ಈ ನಾಲ್ಕೂ ಜನ ಕಪ್ಪು ಜನರ ಹಕ್ಕಿಗೆ ಹೋರಾಡಿದೋರು, ಒಂದು ವ್ಯತ್ಯಾಸ ಏನಂದ್ರೆ ಈ ಬೋರ್ಡಲ್ಲಿರೋರು ಸುಮಾರು ಜನ ಇದೇ ಬೀದೀಲಿ ನಿಂತು ಭಾಷಣ ಮಾಡಿದೋರು.

ಗೈಡ್ ಇಲ್ದೆ ಹೋಗ್ಬೋದಾ ಅಂತ ಕೇಳ್ತೀರ. ಹೋಗ್ಬೋದು, ಆದ್ರೆ ಹೋದ್ರೆ ಕಾಣೋದು ಬರೀ ಅಂಗಡಿ. ಮೂರು ವರ್ಷದ ಹಿಂದೆ ನಾವು ತೆರೆದ ಬಸ್ಸಿನ ಟೂರ್ ಒಂದರಲ್ಲಿ ಹಾರ್ಲೆಮ್ "ನೋಡಿದ್ವಿ", ಬಸ್ ನಿಲ್ಲಿಸ್ಲೇ ಇಲ್ಲ, ಮೈಕಲ್ಲಿ ಎಡಕ್ಕೆ ಅಪೋಲೋ, ಬಲಕ್ಕೆ ಅದು ಇದು ಅಂತ ಹೇಳ್ತಾ ಹೋದ, ಫುಟ್‌ಪಾತಲ್ಲಿ ಕೂತ ಜನರ ಫೋಟೋ ಮೇಲಿಂದ ತೆಗೀತಿದ್ರು, ಝೂ ಸಫಾರಿ ಥರ. ಅದಕ್ಕೇ ಹೇಳೋದು, ಕಾಲ್ನಡಿಗೆ ಟೂರ್ ತಗೊಳಿ, ಹತ್ತು ಹನ್ನೆರಡು ಜನಕ್ಕಿಂತ ಜಾಸ್ತಿ ಇಲ್ದಿರೋದು, ಮತ್ತೆ ಗೈಡ್ ಅದೇ ಏರಿಯಾದೋರಾ ಅಂತ ಬುಕ್ ಮಾಡೋ ಮೊದ್ಲೇ ಕೇಳಿ. ನಮ್ಮ ಗೈಡ್ ಅರವತ್ತು ದಾಟಿದ ಹೆಂಗಸು, ಅವರಜ್ಜಿ ಸೌತ್ ಕೆರೊಲಿನಾದಿಂದ ಬಂದೋರಂತೆ, ಆಕೆ ಹತ್ತು ಹೆಜ್ಜೆಗೊಬ್ಬರಿಗೆ ಕೈ ಬೀಸ್ತಾ ನಡೀತಿದ್ರು.

ಆಕೆ ಶುರು ಮಾಡಿದ್ದೇ ರಿಯಲ್ ಎಸ್ಟೇಟಿಂದ, ಬೆಂಗಳೂರೋರಿಗೆ ತಕ್ಷಣ ಅರ್ಥ ಆಗೋ ಕಥೆ. ಮೊದ್ಲು ಡಚ್ಚರ ಹಳ್ಳಿ, 1658ರಲ್ಲಿ ತಮ್ಮ ದೇಶದ ಊರಿನ ಹೆಸರನ್ನೇ ಇಟ್ರು. 1904ರಲ್ಲಿ ಸಬ್‌ವೇ ಬರುತ್ತೆ ಅಂತ ಬಿಲ್ಡರ್‌ಗಳು ಬಿಳಿಯರಿಗೆ ಅಂತ ಮನೆ ಮೇಲೆ ಮನೆ ಕಟ್ಟಿದ್ರು, ಕಟ್ಟಿದ್ದು ಜಾಸ್ತಿ ಆಯ್ತು, ಖಾಲಿ ಬಿದ್ವು. ಆಗ ಫಿಲಿಪ್ ಪೇಟನ್ ಅನ್ನೋ ಕಪ್ಪು ವ್ಯಾಪಾರಿ ಬಂದು ನಿಮ್ಮ ಮನೆಗೆ ಬಾಡಿಗೆದಾರರನ್ನ ನಾನು ತರ್ತೀನಿ ಅಂದ, ಬೇರೆ ಕಡೆ ಯಾರೂ ಮನೆ ಕೊಡದ ಕಪ್ಪು ಜನ ಜಾಸ್ತಿ ಬಾಡಿಗೆ ಕೊಟ್ಟು ಬಂದ್ರು. ಅದರ ಹಿಂದೇನೇ ಅಮೆರಿಕದ ದಕ್ಷಿಣದ ಹತ್ತಿ ಹೊಲಗಳಿಂದ, ಅಲ್ಲಿನ ಹಿಂಸೆಯಿಂದ ತಪ್ಪಿಸ್ಕೊಂಡು ಉತ್ತರಕ್ಕೆ ಬಂದ ದೊಡ್ಡ ವಲಸೆ, 1910ರಿಂದ 1970ರೊಳಗೆ ಸುಮಾರು ಅರವತ್ತು ಲಕ್ಷ ಜನ. ಅಪ್ಪ ನೋಟ್‌ಬುಕ್ ತೆಗೆದ್ರು. ಅಮ್ಮ "ಶುರುವಾಯ್ತು" ಅಂತ ನನ್ನ ಮುಖ ನೋಡಿದ್ರು.

125ನೇ ಬೀದೀಲೇ ಒಂದು ಗಂಟೆ ಕಳೀತು. ಅಪೋಲೋ ಥಿಯೇಟರ್ ಎಲ್ಲರಿಗೂ ಗೊತ್ತು, 1914ರಲ್ಲಿ ಶುರುವಾದಾಗ ಕಪ್ಪು ಜನಕ್ಕೆ ಒಳಗೆ ಪ್ರವೇಶವೇ ಇರ್ಲಿಲ್ಲ, 1934ರಲ್ಲಿ ಬಾಗಿಲು ತೆರೀತು, ಅದೇ ವರ್ಷ ಹೊಸಬರ ಸ್ಪರ್ಧೆ ಅಮೆಚೂರ್ ನೈಟಲ್ಲಿ, ಮುಂದೆ ದೊಡ್ಡ ಜ್ಯಾಝ್ ಗಾಯಕಿ ಆದ ಎಲ್ಲಾ ಫಿಟ್ಜೆರಾಲ್ಡ್ ಅನ್ನೋ ಹದಿನೇಳರ ಹುಡುಗಿ ಡ್ಯಾನ್ಸ್ ಮಾಡೋಕೆ ಅಂತ ಹೋಗಿ ಹೆದರಿ ಹಾಡಿ ಗೆದ್ಲು. ಒಳಗೆ ಹೋಗೋ ಆಸೆ ಇದ್ರೆ ರಿನೋವೇಶನ್ ನಡೀತಿದೆಯಾ ಇಲ್ವಾ ನೋಡ್ಕೊಂಡು ಹೋಗಿ. ಆದ್ರೆ ನಾವು ಜಾಸ್ತಿ ಹೊತ್ತು ನಿಂತಿದ್ದು ಅಲ್ಲಲ್ಲ, ಏಳನೇ ಅವೆನ್ಯೂ ಮೂಲೇಲಿರೋ ಬಿಳಿ ಎತ್ತರದ ಬಿಲ್ಡಿಂಗ್ ಮುಂದೆ. ಈಗ ಅದು ಆಫೀಸು, ಮೊದಲು ಹೋಟೆಲ್ ಥೆರೆಸಾ. 1960ರ ಸೆಪ್ಟೆಂಬರಲ್ಲಿ ವಿಶ್ವಸಂಸ್ಥೆ ಸಭೆಗೆ ಬಂದ ಕ್ಯೂಬಾದ ನಾಯಕ ಫಿಡೆಲ್ ಕ್ಯಾಸ್ಟ್ರೊ ಮಿಡ್‌ಟೌನ್ ಹೋಟೆಲ್ ಜೊತೆ ಜಗಳ ಆಡ್ಕೊಂಡು ಇಲ್ಲಿಗೆ ಬಂದುಳಿದ್ರು, ಮಾಲ್ಕಮ್ ಎಕ್ಸ್ ಬಂದು ಮಾತಾಡ್ಸಿದ್ರು, ಸೋವಿಯತ್ ನಾಯಕ ಕ್ರುಶ್ಚೇವ್ ಬಂದ್ರು, ಈಜಿಪ್ಟಿನ ನಾಸರ್ ಬಂದ್ರು, ನಮ್ಮ ನೆಹರೂನೂ ಬಂದಿದ್ರು. ಗೈಡ್ "ನಿಮ್ಮ ಪ್ರಧಾನಿ" ಅಂತ ಅಪ್ಪನ ಕಡೆ ಕೈ ತೋರಿಸಿದಾಗ ಗುಂಪಿನೋರೆಲ್ಲ ತಿರುಗಿ ನೋಡಿದ್ರು, ಅಪ್ಪ ತಾವೇ ನೆಹರೂನ ಕರ್ಕೊಂಡು ಬಂದಂಗೆ ತಲೆ ಆಡ್ಸಿದ್ರು.

ಅಲ್ಲಿಂದ ಎಂಟನೇ ಅವೆನ್ಯೂ ಕಡೆ ನಾಲ್ಕು ಹೆಜ್ಜೆ ಹೋದ್ರೆ ಬ್ಲಮ್‌ಸ್ಟೈನ್ಸ್ ಅಂತ ಹಳೇ ಡಿಪಾರ್ಟ್‌ಮೆಂಟ್ ಸ್ಟೋರ್ ಬಿಲ್ಡಿಂಗ್. ಗೈಡ್ ಇಲ್ದಿದ್ರೆ ಯಾರೂ ತಲೆ ಎತ್ತಿ ನೋಡಲ್ಲ. ಗಿರಾಕಿಗಳಲ್ಲಿ ಜಾಸ್ತಿ ಕಪ್ಪು ಜನ, ಕೌಂಟರಲ್ಲಿ ಒಬ್ರೂ ಕಪ್ಪು ಜನ ಇಲ್ಲ, ಅದಕ್ಕೇ 1934ರಲ್ಲಿ ಕೆಲಸ ಕೊಡದ ಅಂಗಡೀಲಿ ಸಾಮಾನು ಕೊಳ್ಳಲ್ಲ ಅಂತ ಬಹಿಷ್ಕಾರ ಹಾಕಿ ಅಂಗಡಿಯೋರನ್ನ ಬಗ್ಗಿಸಿದ್ರು. ಅದೇ ಅಂಗಡೀಲಿ 1958ರಲ್ಲಿ ಪುಸ್ತಕಕ್ಕೆ ಸಹಿ ಹಾಕ್ತಾ ಕೂತಿದ್ದ ಮಾರ್ಟಿನ್ ಲೂಥರ್ ಕಿಂಗ್ ಎದೆಗೆ ಮಾನಸಿಕ ಅಸ್ವಸ್ಥೆ ಒಬ್ಬಳು ಪತ್ರ ಬಿಡಿಸೋ ಚಾಕು ಚುಚ್ಚಿದ್ಲು, ಹಾರ್ಲೆಮ್ ಆಸ್ಪತ್ರೆ ಡಾಕ್ಟ್ರುಗಳು ಉಳಿಸಿದ್ರು. ಆ ಗಾಯ ವಾಸಿಯಾದ್ಮೇಲೆ 1959ರ ಫೆಬ್ರುವರೀಲಿ ಅವ್ರು ಹೊರಟಿದ್ದು ಇಂಡಿಯಾಗೆ, ಗಾಂಧಿ ನಾಡು ನೋಡೋಕೆ.

ಸರಿ, ಊಟಕ್ಕೆ ಬರೋಣ, ಓದ್ತಿರೋ ಅರ್ಧ ಜನ ಅದಕ್ಕೇ ಕಾಯ್ತಿದೀರ.

ಬುಕ್ ಮಾಡುವಾಗ ವೆಜಿಟೇರಿಯನ್ ಅಂತ ಟಿಕ್ ಮಾಡಿದ್ದೆ, ಈಮೇಲೂ ಹಾಕಿದ್ದೆ. ಆದ್ರೂ ಒಂದು ಕಡೆ (ಹೆಸರು ಬೇಡ, ಊಟ ಮಾತ್ರ ಬಹಳ ಚೆನ್ನಾಗಿತ್ತು) ಕೊಲಾರ್ಡ್ ಗ್ರೀನ್ಸ್ ಅಂತ ಸೊಪ್ಪು ತಂದಿಟ್ರು. ಕಡು ಹಸಿರು ದಪ್ಪ ಎಲೆ, ಗಂಟೆಗಟ್ಟಲೆ ಬೇಯಿಸಿ, ಸ್ವಲ್ಪ ವಿನೆಗರ್ ಹುಳಿ, ಸ್ವಲ್ಪ ಖಾರ, ತಳದಲ್ಲಿ ಬಸ್ಸಾರಿನ ಕಟ್ಟಿನಂಥ ರಸ. ಆ ರಸಕ್ಕೆ ಅವ್ರು ಪಾಟ್ ಲಿಕ್ಕರ್ ಅಂತಾರೆ, ಎಣ್ಣೆ ಅಲ್ಲ ಗಾಬರಿ ಆಗ್ಬೇಡಿ. ಅಪ್ಪ ಕಾರ್ನ್‌ಬ್ರೆಡ್ ಮುರಿದು ಅದರಲ್ಲಿ ಅದ್ದಿ ಅದ್ದಿ ತಿಂದು, "ಥೇಟ್ ನಿಮ್ಮಜ್ಜಿ ಮಾಡ್ತಿದ್ದ ಹಾಗಿದೆ" ಅಂತ ನನ್ನ ಪಾಲನ್ನೂ ಎಳ್ಕೊಂಡ್ರು. ಎರಡನೇ ಬಟ್ಟಲು ಅರ್ಧ ಆದಾಗ ಚಮಚದಲ್ಲಿ ನಾರು ನಾರಾಗಿ ಏನೋ ಬಂತು. ಕೇಳಿದ್ರೆ ಹೊಗೆ ಹಾಕಿದ ಟರ್ಕಿ ಮಾಂಸ. ನಾನು ಬೆವೆತೋದೆ. ಅಪ್ಪ ಎರಡು ನಿಮಿಷ ಸುಮ್ನಿದ್ದು, ಬಾಯಿ ಒರೆಸ್ಕೊಂಡು, "ನಿಮ್ಮಮ್ಮನಿಗೆ ಹೇಳ್ಬೇಡ" ಅಂದ್ರು. ಅಮ್ಮ ಪಕ್ಕದಲ್ಲೇ ಕೂತಿದ್ರು.

ಅದಕ್ಕೆ ಕೇಳಿ, ಸೊಪ್ಪು, ಕಾಳು, ಗ್ರೇವಿ ಯಾವ್ದೇ ಇರ್ಲಿ, "ವೆಜಿಟೇರಿಯನ್ನಾ" ಅಂತ ಕೇಳಿದ್ರೆ ಸಾಲಲ್ಲ, ಮೇಲೆ ಮಾಂಸ ಕಾಣ್ದಿದ್ರೆ ಅವ್ರು ಹೂಂ ಅಂದ್ಬಿಡ್ತಾರೆ. "ಬೇಯಿಸೋವಾಗ ಟರ್ಕಿ, ಹಂದಿ, ಚಿಕನ್ ಸ್ಟಾಕ್ ಹಾಕಿದೀರಾ" ಅಂತ ಒಂದೊಂದೇ ಹೆಸರು ಹಿಡ್ದು ಕೇಳಿ. ಇದು ಬಡವರು ಕಟ್ಟಿದ ಅಡುಗೆ, ಗುಲಾಮಗಿರಿ ಕಾಲದಲ್ಲಿ ಯಜಮಾನ ಬೇಡ ಅಂತ ಬಿಟ್ಟ ಮೂಳೆ, ಕಾಲು, ಕೊಬ್ಬಿಂದ ರುಚಿ ತೆಗೆದೋರ ಅಡುಗೆ, ಹಾಗಾಗಿ ಮಾಂಸ ಒಳಗೇ ಅಡಗಿರುತ್ತೆ. ಸಾಮಾನ್ಯವಾಗಿ ಮಾಂಸ ಇಲ್ದಿರೋದು ಅಂದ್ರೆ ಮ್ಯಾಕ್ ಅಂಡ್ ಚೀಸ್ ಮತ್ತೆ ಕ್ಯಾಂಡೀಡ್ ಯಾಮ್ಸ್, ಅಂದ್ರೆ ಸಕ್ಕರೆ ಪಾಕದ ನಮ್ಮ ಗೆಣಸೇ. ಕಾರ್ನ್‌ಬ್ರೆಡ್ಡಿಗೆ ಕೆಲವರು ಹಂದಿ ಕೊಬ್ಬು ಹಾಕ್ತಾರೆ, ಮೊಟ್ಟೆ ಅಂತೂ ಇರುತ್ತೆ, ಕೇಳ್ಕೊಳಿ. ರೆಡ್ ವೆಲ್ವೆಟ್ ಕೇಕ್, ಗೆಣಸಿನ ಪೈ ಬಿಡ್ಬೇಡಿ. ನಾನ್ ವೆಜ್ ಆದ್ರೆ ಚಿಕನ್ ಅಂಡ್ ವಾಫಲ್ಸ್ ತಿನ್ನಿ, ಜ್ಯಾಝ್ ನುಡಿಸಿ ನಡುರಾತ್ರಿ ಬರೋ ಕಲಾವಿದರಿಗೆ ರಾತ್ರಿ ಊಟಕ್ಕೆ ಲೇಟು, ತಿಂಡಿಗೆ ಬೇಗ, ಎರಡೂ ಸೇರ್ಸಿ ಒಂದೇ ತಟ್ಟೇಲಿ ಕೊಟ್ಟಿದ್ದು ಅಂತ ಇಲ್ಲಿನ ಕಥೆ, ನನ್ನ ಗಂಡ ತಿಂದು ಒಂದು ಗಂಟೆ ಯಾರ ಜೊತೇನೂ ಮಾತಾಡ್ಲಿಲ್ಲ. 1962ರಲ್ಲಿ ಶುರುವಾದ ಸಿಲ್ವಿಯಾಸ್ ಲೆನಾಕ್ಸ್ ಮೇಲೇ ಇದೆ, ಅದರ ಹತ್ರಾನೇ ಇಥಿಯೋಪಿಯಾದಲ್ಲಿ ಹುಟ್ಟಿ ಸ್ವೀಡನ್ನಲ್ಲಿ ಬೆಳೆದ ಮಾರ್ಕಸ್ ಸ್ಯಾಮುಯೆಲ್ಸನ್ 2010ರಲ್ಲಿ ತೆಗೆದ ರೆಡ್ ರೂಸ್ಟರ್, ಟೂರಲ್ಲಿ ಇವು ಇಲ್ದಿದ್ರೆ ಆಮೇಲೆ ನೀವೇ ಹೋಗಿ.

ಇನ್ನೊಂದು ಕಡೆ ಬ್ಲ್ಯಾಕ್ ಐಡ್ ಪೀಸ್ ಬಂತು. ಅಮ್ಮ ಒಂದು ಕಾಳು ಬೆರಳಲ್ಲಿ ಹಿಸುಕಿ ನೋಡಿ "ಅಲಸಂದೆ ಕಾಳು ಕಣೇ ಇದು" ಅಂದ್ರು. ಹೌದು, ಅಲಸಂದೆನೇ, ಅದರ ತವರು ಆಫ್ರಿಕಾ. ಜೋಳನೂ ಅಲ್ಲಿಂದೇ, ನಮ್ಮ ರಾಗೀನೂ ಅಲ್ಲಿಂದೇ. ಗೈಡ್‌ಗೆ ಇದು ಹೇಳಿದಾಗ ಆಕೆಗೆ ರಾಗಿ ಮುದ್ದೆ ಏನು ಅಂತ ವಿವರ್ಸೋಕೆ ಅಮ್ಮ ಕೈಯಲ್ಲೇ ಉಂಡೆ ಕಟ್ಟಿ, ಅಗೀದೆ ನುಂಗೋದನ್ನ ಆಕ್ಟ್ ಮಾಡಿ ತೋರಿಸಿದ್ರು. ಆಕೆ ನಕ್ಕಿದ್ದು ರಸ್ತೆ ಆಚೆಗೂ ಕೇಳಿರ್ಬೇಕು, ಪಶ್ಚಿಮ ಆಫ್ರಿಕಾದಲ್ಲಿ ಫುಫು ಅಂತ ಇದೆ, ಅದನ್ನೂ ಹಂಗೇ ನುಂಗ್ತಾರೆ ಅಂದ್ರು. ಅದಕ್ಕೆ 116ನೇ ಬೀದಿಗೆ ಹೋಗಿ, ಲಿಟಲ್ ಸೆನೆಗಲ್ ಅಂತಾರೆ, ಅಲ್ಲಿ ಬಿಸಾಪ್ ಅಂತ ಕೆಂಪು ಶರಬತ್ತು ಸಿಗುತ್ತೆ, ನಮ್ಮ ಪುಂಡಿ ಸೊಪ್ಪಿನ ಜಾತಿ ಗಿಡದ ಹೂವಿನದ್ದು, ಬೇಸಿಗೇಲಿ ಜೀವ ಬರುತ್ತೆ.

ನಡಿಗೇಲಿ ನನಗೆ ಮನಸಲ್ಲಿ ಕೂತಿದ್ದು 135ನೇ ಬೀದಿಯ ಶೋಂಬರ್ಗ್ ಸೆಂಟರ್. ಲೈಬ್ರರಿ ಅದು, ಪ್ರವೇಶ ಫ್ರೀ, ಏಸಿ ಇದೆ, ಟಾಯ್ಲೆಟ್ಟೂ ಇದೆ (ಇದು ಅಪ್ಪ ಅಮ್ಮನ ಜೊತೆ ಹೋಗೋರಿಗೆ ದೊಡ್ಡ ವಿಷ್ಯ). ಪೋರ್ಟೊರಿಕೊದಲ್ಲಿ ಹುಟ್ಟಿದ ಆರ್ಟುರೊ ಶೋಂಬರ್ಗ್‌ಗೆ ಚಿಕ್ಕೋನಿದ್ದಾಗ ಟೀಚರ್ ಒಬ್ರು ಕಪ್ಪು ಜನಕ್ಕೆ ಇತಿಹಾಸ ಇಲ್ಲ ಅಂದಿದ್ರಂತೆ, ಆತ ಜೀವಮಾನ ಇಡೀ ಪುಸ್ತಕ, ಪತ್ರ, ಚಿತ್ರ ಸೇರ್ಸಿದ್ರು, 1926ರಲ್ಲಿ ಆ ಸಂಗ್ರಹ ಲೈಬ್ರರಿಗೆ ಬಂತು. ಒಳಗೆ ನೆಲದ ಮೇಲೆ ದೊಡ್ಡ ದುಂಡು ಚಿತ್ರ, ನದಿಗಳು ಹರಿದಂಗೆ ಗೆರೆಗಳು, ಅದರ ಕೆಳಗೆ ಕವಿ ಲ್ಯಾಂಗ್‌ಸ್ಟನ್ ಹ್ಯೂಸ್ ಚಿತಾಭಸ್ಮ ಇದೆ. ಗೈಡ್ ಇದನ್ನ ಹೇಳಿ ಮುಗಿಸೋ ಹೊತ್ತಿಗೆ ಅಪ್ಪ ಗೆರೆ ಹೊರಗೆ ಬಗ್ಗಿ ಶೂ ಲೇಸ್ ಬಿಚ್ತಿದ್ರು. ಸೆಕ್ಯುರಿಟಿಯೋರು ಏನೋ ಹೇಳೋಕೆ ಬಂದು, ಅಪ್ಪ ಕಾಲುಚೀಲದಲ್ಲಿ ನಿಂತಿದ್ದು ನೋಡಿ ಸುಮ್ನೆ ಹೋದ್ರು.

ಆಮೇಲೆ 138, 139ನೇ ಬೀದಿ, ಸ್ಟ್ರೈವರ್ಸ್ ರೋ, 1890ರ ದಶಕದ ಮನೆಗಳ ಸಾಲು, ಗೇಟಿನ ಕಂಬದ ಮೇಲೆ ಕುದುರೆ ನಡೆಸ್ಕೊಂಡು ಹೋಗಿ ಅಂತ ಬರೆದಿದ್ದು ಇನ್ನೂ ಇದೆ. ಹಾರ್ಲೆಮ್ ಮನೆಗಳ ಮುಂದೆ ಮೆಟ್ಟಿಲು ಇರುತ್ತಲ್ಲ, ಸ್ಟೂಪ್ ಅಂತಾರೆ, ನಮ್ಮ ಜಗಲಿ ಕೆಲಸಾನೇ ಅದು ಮಾಡೋದು. ಕೂತ್ಕೊಬೇಡಿ, ಅದು ಯಾರದೋ ಮನೆ. ಈಗ ಆ ಮನೆಗಳ ರೇಟು ಕೇಳಿದ್ರೆ ತಲೆ ತಿರುಗುತ್ತೆ, 125ರಲ್ಲಿ 2017ರಲ್ಲೇ ಹೋಲ್ ಫುಡ್ಸ್ ಅನ್ನೋ ದುಬಾರಿ ಸೂಪರ್‌ಮಾರ್ಕೆಟ್ ಬಂತು, ಅದೇ ವರ್ಷ ಬ್ರೋಕರ್‌ಗಳು ದಕ್ಷಿಣ ಹಾರ್ಲೆಮ್‌ಗೆ ಸೋಹಾ ಅಂತ ಸ್ಟೈಲಾಗಿ ಹೆಸರಿಡೋಕೆ ಹೋಗಿ ಜನರ ಹತ್ರ ಬೈಸ್ಕೊಂಡ್ರು. ಗೈಡ್ ಈ ವಿಷ್ಯ ಬಂದಾಗ ಮಾತ್ರ ನಗ್ಲಿಲ್ಲ.

ದುಡ್ಡು, ದಿನ, ಇತ್ಯಾದಿ. ಊಟ ಸೇರಿ ತಲೆಗೆ ನೂರು ಡಾಲರ್ ಹತ್ರ ಆಯ್ತು ನಮಗೆ, ಅದರ ಮೇಲೆ ಟಿಪ್ಸ್ 20 ಪರ್ಸೆಂಟ್ ಲೆಕ್ಕದಲ್ಲಿ ಕ್ಯಾಶ್ ಇಟ್ಕೊಳಿ. ಊಟ ಇಲ್ದಿರೋ ಬರೀ ಹಿಸ್ಟರಿ ವಾಕ್ ಕಮ್ಮಿಗೆ ಸಿಗುತ್ತೆ, ಪೂರ್ತಿ ವೆಜ್ ಆದ್ರೆ ಅದೇ ವಾಸಿ ಇರ್ಬೋದು, ಊಟ ನೀವೇ ನೋಡ್ಕೊಳಿ. ಭಾನುವಾರ ಬೇಡ, ಅರ್ಧ ಜನ ಚರ್ಚಲ್ಲಿರ್ತಾರೆ, ಇನ್ನರ್ಧ ಊಟದ ಕ್ಯೂನಲ್ಲಿ. ಗಾಸ್ಪೆಲ್ ಹಾಡು ಕೇಳ್ಬೇಕು ಅಂತಾನೇ ಭಾನುವಾರ ಹೋಗೋದಾದ್ರೆ, 1808ರಲ್ಲಿ ಶುರುವಾದ ಅಬಿಸೀನಿಯನ್ ಬ್ಯಾಪ್ಟಿಸ್ಟ್ ಚರ್ಚ್ 138ರಲ್ಲಿದೆ, ಆದ್ರೆ ಅದು ಪ್ರಾರ್ಥನೆ, ಶೋ ಅಲ್ಲ, ಚಡ್ಡಿ ಹಾಕ್ಕೊಂಡು ಹೋಗ್ಬೇಡಿ, ಫೋನ್ ಎತ್ಬೇಡಿ, ಮಧ್ಯದಲ್ಲಿ ಎದ್ದು ಬರ್ಬೇಡಿ. ನಮ್ಮ ಮಹಾಮಂಗಳಾರತಿ ಟೈಮಲ್ಲಿ ಯಾರೋ ವಿಡಿಯೋ ಮಾಡಿ ಎದ್ದು ಹೋದ್ರೆ ಹೆಂಗನ್ಸುತ್ತೆ.

ಕೊನೇಗೆ ಕಾಲಲ್ಲಿ ಶಕ್ತಿ ಇದ್ರೆ ಒಂದು ಕೆಲಸ ಮಾಡಿ. 116ನೇ ಬೀದೀಲಿ ಪಶ್ಚಿಮಕ್ಕೆ ನಡೆದ್ರೆ ಮಾರ್ನಿಂಗ್‌ಸೈಡ್ ಪಾರ್ಕ್, ಅದರ ಮೆಟ್ಟಿಲು ಹತ್ತಿದ್ರೆ ಮೇಲೆ ಕೊಲಂಬಿಯಾ ಯೂನಿವರ್ಸಿಟಿ, ಅಂಬೇಡ್ಕರ್ 1913ರಿಂದ 1916ರ ತನಕ ಓದಿದ ಜಾಗ. ಅಂದ್ರೆ ಹಾರ್ಲೆಮ್ ತುಂಬ್ತಾ ಇದ್ದ ಅದೇ ವರ್ಷಗಳಲ್ಲಿ ಅವ್ರು ಗುಡ್ಡದ ಮೇಲಿದ್ರು. ಮುಂದೆ 1946ರಲ್ಲಿ ಕಪ್ಪು ಜನರ ಅರ್ಜಿ ವಿಶ್ವಸಂಸ್ಥೆಗೆ ಹೋಗ್ತಿದೆ ಅಂತ ಗೊತ್ತಾಗಿ ಕಪ್ಪು ಜನರ ದೊಡ್ಡ ವಿದ್ವಾಂಸ, ಹೋರಾಟಗಾರ ಡಬ್ಲ್ಯು.ಇ.ಬಿ. ಡುಬಾಯ್ಸ್‌ಗೆ ಅಂಬೇಡ್ಕರ್ ಕಾಗದ ಬರೆದು ಅದರ ಪ್ರತಿ ಕೇಳಿದ್ರು, ಅವ್ರೂ ಉತ್ತರ ಬರೆದ್ರು. ಮೆಟ್ಟಿಲು ಬಹಳ ಇದೆ, ಮಂಡಿ ನೋವಿದ್ರೆ 125ರ ಮೇಲೆ ಓಡೋ ಎಂ-60 ಬಸ್ ಹಿಡೀರಿ. ನಾವು ಹೋದಾಗ ಗೇಟಲ್ಲಿ ಐಡಿ ಇಲ್ದೋರನ್ನ ಬಿಡ್ತಿರ್ಲಿಲ್ಲ. ಅಪ್ಪ ಕಂಬಿ ಹಿಡ್ಕೊಂಡು ಒಳಗಿನ ಲೈಬ್ರರಿ ಕಂಬಗಳನ್ನ ನೋಡ್ತಾ ನಿಂತ್ರು, ಅಮ್ಮ ಫುಟ್‌ಪಾತ್ ಬೆಂಚಲ್ಲಿ ಕೂತು, ಯಾರಿಗೂ ಅಲ್ಲ ಅನ್ನೋ ಹಾಗೆ, "ಟರ್ಕಿ ಅಂದ್ರೆ ಕೋಳಿ ಥರಾನೇ ಅಲ್ವಾ" ಅಂದ್ರು.