ಅದು ಯಾರ ಮೂರು ವರ್ಷ?

ಭಾನುವಾರದಿಂದ ನನ್ನ ತಲೆಯಲ್ಲಿ ಅವ್ವನ ಒಂದೇ ಮಾತು ಸುತ್ತುತ್ತಿದೆ. "ಮೂರು ವರ್ಷ ಅಂದ್ಯಲ್ಲವ್ವ, ಅದು ಯಾರ ಮೂರು ವರ್ಷ? ನಿಂದಾ, ನಮ್ದಾ?"

ಮಗಳು ಶಾಲೆಯ ಗೋಡೆಪತ್ರಿಕೆಗೆ ಅಂತ ಒಂದು ವಿಶ್ವವಿದ್ಯಾಲಯವನ್ನೇ ಕಟ್ಟಿದ್ದಾಳೆ. ಹೆಸರು ಕಾಲ ವಿಶ್ವವಿದ್ಯಾಲಯ. ಸಮಯವನ್ನು ಹಿಗ್ಗಿಸೋದು, ಕುಗ್ಗಿಸೋದು ಬಿಟ್ಟರೆ ಅಲ್ಲಿ ಬೇರೆ ಪಾಠವಿಲ್ಲ. ಜಾಗ ನಮ್ಮ ಮೈಸೂರೇ. ಲಾಂಛನ ಊರಿನ ಗಡಿಯಾರ ಗೋಪುರ 'ದೊಡ್ಡ ಗಡಿಯಾರ', ಯಾಕಂದ್ರೆ ಅದರ ಮುಖದಲ್ಲಿ ಕನ್ನಡ ಅಂಕಿಗಳಿವೆ. ತರಗತಿಗಳೆಲ್ಲ ಕೆಳಗೆ ಊರಿನಲ್ಲಿ, ಪರೀಕ್ಷೆ ಮಾತ್ರ ಚಾಮುಂಡಿ ಬೆಟ್ಟದ ಮೇಲೆ. ಮೇಲೆ ಹೋದಷ್ಟೂ ಭೂಮಿಯ ಸೆಳೆತ ಕಡಿಮೆ, ಗಡಿಯಾರ ಜೋರಾಗಿ ಓಡುತ್ತದೆ. ಹಾಗಾಗಿ ಬರೆಯೋದಕ್ಕೆ ಹೊತ್ತು ಜಾಸ್ತಿ ಸಿಗುತ್ತೆ ಅನ್ನೋದು ಅವಳ ಲೆಕ್ಕ.

ಲೆಕ್ಕ ಸರಿಯಾಗಿಯೇ ಇದೆ. ಇಬ್ಬರೂ ಕೂತು ಹಾಕಿ ನೋಡಿದೆವು. ಬೆಟ್ಟ ಊರಿಗಿಂತ ಸುಮಾರು 300 ಮೀಟರ್ ಎತ್ತರ. ಒಂದು ಸೆಕೆಂಡನ್ನು ನೂರು ಕೋಟಿ ಚೂರು ಮಾಡಿದರೆ, ಬೆಟ್ಟದ ಮೇಲಿನವರಿಗೆ ದಿನಕ್ಕೆ ಅಂಥ ಮೂರು ಚೂರು ಜಾಸ್ತಿ ಸಿಗುತ್ತದೆ. ಅಷ್ಟೇ. ಆದರೆ ಸಿಗೋದಂತೂ ನಿಜ, ಅಲ್ವಾ?

ಹಿಂದಕ್ಕೆ ಹೋಗುವ ವಿಭಾಗಕ್ಕೆ ಅವಳು ಬೀಗ ಹಾಕಿದ್ದಾಳೆ. "ಮುಂದಕ್ಕೆ ಹೋಗೋದು ಮಾತ್ರ ಸಾಧ್ಯ, ಅದಕ್ಕೇ ಸೀಟು" ಎಂದು ಬರೆದಿದ್ದಾಳೆ. ಹದಿನೈದು ವರ್ಷದ ಹುಡುಗಿ ಕಲ್ಪನೆಯಲ್ಲೂ ಇಷ್ಟು ಪ್ರಾಮಾಣಿಕವಾಗಿ ಇದ್ದಾಳಲ್ಲ ಅಂತ ನನಗೆ ಖುಷಿಯಾಯಿತು. ಅಣ್ಣ ಮಾತ್ರ ಹಾಳೆಯ ಮೇಲೆ ಸುಮ್ನೆ ಕಣ್ಣಾಡಿಸಿ, "ಇದನ್ನ ಬರೆಯೋ ಹೊತ್ತಲ್ಲಿ ನಾಲ್ಕು ಲೆಕ್ಕ ಮಾಡಬಹುದಿತ್ತು" ಅಂದ. ಅವನು ಒಳ್ಳೆಯವನೇ. ಆದರೆ ಮಕ್ಕಳು ಏನು ತೋರಿಸಿದರೂ ಅವನಿಗೆ ಕಾಣೋದು ಅಂಕಪಟ್ಟಿ ಮಾತ್ರ. ಆ ಹಾಳೆಯ ತುಂಬ ಇದ್ದದ್ದು ಲೆಕ್ಕವೇ. ಅವನು ನೋಡಲಿಲ್ಲ.

ನೋಡಿದ್ದು ಅವ್ವ. ಅಂದರೆ, ಕೇಳಿಸಿಕೊಂಡಿದ್ದು. ಮಂಡ್ಯದ ಹತ್ತಿರದ ನಮ್ಮೂರಿನಿಂದ ಅವರೆಕಾಯಿ ಚೀಲ ಹೊತ್ತು ತಂದಿದ್ದಳು. ನಡುಮನೆಯಲ್ಲಿ ಕಾಲು ಚಾಚಿ ಕೂತು ಸುಲಿಯುತ್ತಿದ್ದಳು. ಮಗಳು ಪಕ್ಕದಲ್ಲಿ ಕೂತು ಓದುತ್ತಿದ್ದಳು. ಕೊನೆಯ ಕೋರ್ಸು ದೊಡ್ಡದು. ಬೆಳಕಿನ ವೇಗದಲ್ಲಿ ನೂರಕ್ಕೆ 99 ಪಾಲು ವೇಗದ ನೌಕೆಯಲ್ಲಿ ಮೂರು ವರ್ಷ ಸುತ್ತಿ ಬರಬೇಕು, ಆಮೇಲೆ ಪದವಿ.

ಅವ್ವನ ಕೈ ನಿಂತಿತು. ಆಗ ಕೇಳಿದ್ದು ಆ ಮಾತು.

ನಾನು ಮಾನಸಗಂಗೋತ್ರಿಯಲ್ಲಿ ಭೌತಶಾಸ್ತ್ರ ಓದಿದವಳು. ವೇಗವಾಗಿ ಸಾಗುವ ಗಡಿಯಾರದಲ್ಲಿ ಸಮಯ ನಿಧಾನವಾಗುತ್ತದೆ ಅನ್ನೋ ಸೂತ್ರ ನಮಗೆ ಬೇಗ ಬಾಯಿಗೆ ಬಂತು. ಆದರೆ "ಯಾರ ಸಮಯ?" ಅಂತ ಮೊದಲು ಕೇಳಬೇಕು ಅನ್ನೋದು ತಲೆಗೆ ಹೋಗಲು ತಿಂಗಳುಗಳೇ ಬೇಕಾದವು. ಅವ್ವ ಓದಿದ್ದು ನಾಲ್ಕನೇ ಕ್ಲಾಸು. ಅವಳು ಶುರು ಮಾಡಿದ್ದೇ ಅಲ್ಲಿಂದ.

"ನಿಂಗೆ ಹೆಂಗೆ ಹೊಳೀತವ್ವಾ?" ಅಂದೆ. "ರೇವತಿ ಕತೆ ಕೇಳಿಲ್ವಾ?" ಅಂದಳು. ಊರ ಹಬ್ಬದ ಹರಿಕಥೆಯಲ್ಲಿ ಕೇಳಿದ್ದಂತೆ. ಮಗಳಿಗೆ ಗಂಡು ಕೇಳಲು ರಾಜ ಬ್ರಹ್ಮಲೋಕಕ್ಕೆ ಹೋಗುತ್ತಾನೆ. ಅಲ್ಲಿ ಹಾಡು ನಡೀತಿರುತ್ತದೆ. ಅದು ಮುಗಿಯಲಿ ಅಂತ ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದು, ಅವನು ಮನಸ್ಸಿನಲ್ಲಿಟ್ಟಿದ್ದ ಗಂಡುಗಳ ಮೊಮ್ಮಕ್ಕಳ ಹೆಸರೂ ಉಳಿದಿರೋದಿಲ್ಲ.

ಇದು ಬರೀ ಕತೆಯಲ್ಲ, 1971ರಲ್ಲೇ ವಿಮಾನದಲ್ಲಿ ಪರಮಾಣು ಗಡಿಯಾರ ಕೂರಿಸಿ ಭೂಮಿ ಸುತ್ತಿಸಿ ಸಮಯ ಬದಲಾಗೋದನ್ನ ನೋಡಿದ್ದಾರೆ ಅಂತ ಹೇಳಿದೆ. ನಿನ್ನ ಫೋನಿಗೆ ದಾರಿ ತೋರಿಸೋ ಉಪಗ್ರಹದ ಗಡಿಯಾರ ನಮ್ಮದಕ್ಕಿಂತ ದಿನಕ್ಕೆ ಸೆಕೆಂಡಿನ ಹತ್ತು ಲಕ್ಷ ಪಾಲಿನಲ್ಲಿ 38 ಪಾಲು ಮುಂದೆ ಓಡುತ್ತೆ, ಅದನ್ನ ಸರಿ ಮಾಡದಿದ್ರೆ ದಾರಿಯೇ ತಪ್ಪುತ್ತೆ ಅಂದೆ. ಅವ್ವ ತಲೆ ಆಡಿಸಿದಳು. ಅವಳಿಗೆ ಬೇಕಿದ್ದ ಉತ್ತರ ಅದಲ್ಲ. ಮೊಮ್ಮಗಳನ್ನೇ ನೋಡುತ್ತಿದ್ದಳು.

"ನಂದು ಮೂರು ಅಜ್ಜಿ. ನಿಮ್ದು ಇಪ್ಪತ್ತೊಂದು."

ಅವ್ವನಿಗೆ ಈಗ 76. ಯಾರೂ ಕೂಡಿಸಿ ಹೇಳಲಿಲ್ಲ. ಸುಲಿದ ಕಾಳನ್ನು ಬಟ್ಟಲಿಗೆ ಹಾಕಿಕೊಂಡು ಅವ್ವ ಒಳಗೆ ಎದ್ದುಹೋದಳು.

ಮಂಡ್ಯದಿಂದ ಮೈಸೂರಿಗೆ 45 ಕಿಲೋಮೀಟರ್. ಎರಡು ವರ್ಷದ ಓದಿಗೆ ನಾನು ಬಸ್ಸು ಹತ್ತಿದಾಗ, ಬಸ್‌ಸ್ಟ್ಯಾಂಡಿನಲ್ಲಿ ಅವ್ವ "ಎರಡೇ ವರ್ಷ ಅಲ್ವಾ" ಅಂದಿದ್ದಳು. ನಾನೂ "ಎರಡೇ" ಅಂದಿದ್ದೆ. ನನಗೆ ಅವು ಎರಡೇ ಆಗಿದ್ದವು. ಹಾಸ್ಟೆಲ್ಲು, ಲ್ಯಾಬು, ಕುಕ್ಕರಹಳ್ಳಿ ಕೆರೆಯ ಸಂಜೆ, ಕಣ್ಣುಮುಚ್ಚಿ ತೆಗೆಯೋದರೊಳಗೆ ಮುಗಿದವು. ಅದೇ ಎರಡು ವರ್ಷದಲ್ಲಿ ಅವ್ವ ಎಮ್ಮೆ ಎರಡನ್ನೂ ಮಾರಿದ್ದಳು. ಅಪ್ಪನ ಕೆಮ್ಮು ಬಿಡಲಿಲ್ಲ ಅಂತ ಒಬ್ಬಳೇ ಆಸ್ಪತ್ರೆಗೆ ಓಡಾಡಿದ್ದಳು. ನನಗೆ ಗೊತ್ತಾಗಿದ್ದು ಆಮೇಲೆ, ಕೊಟ್ಟಿಗೆ ಖಾಲಿ ಇದ್ದದ್ದು ನೋಡಿ. ಕೇಳಿದರೆ "ಓದೋ ಮಗಳಿಗೆ ಯಾಕೆ" ಅಂದಳು. ಅವಳ ಎರಡು ವರ್ಷ ಎಷ್ಟು ಉದ್ದ ಇತ್ತು ಅಂತ ನಾನು ಇವತ್ತಿನವರೆಗೂ ಕೇಳಿಲ್ಲ. ಈ ವಾರ ಪಾತ್ರೆ ತೊಳೆಯುವಾಗ, ಸಿಗ್ನಲ್‌ನಲ್ಲಿ ನಿಂತಾಗ, ಅದೇ ಪ್ರಶ್ನೆ. ಯಾರ ಮೂರು ವರ್ಷ?

ಮಗಳೂ ಮುಂದೆ ದೂರದ ಊರಿಗೆ ಓದಲು ಹೋಗುವವಳೇ. ಹೋಗಬೇಕು. ಆ ಹಾಳೆ ಬರೆದ ಹುಡುಗಿಯನ್ನು ನಾನು ಹೇಗೆ ಹಿಡಿದಿಡಲಿ?

ಬುಧವಾರ ರಾತ್ರಿ ಅವಳ ಮೇಜಿನ ಮೇಲೆ ಆ ಹಾಳೆ ಕಂಡಿತು. 99 ಅನ್ನು ಹೊಡೆದುಹಾಕಿ ಪಕ್ಕದಲ್ಲಿ 80 ಅಂತ ಬರೆದಿದ್ದಳು. ಅಂಚಿನಲ್ಲಿ ಪೆನ್ಸಿಲಿನಲ್ಲಿ ಲೆಕ್ಕ. ನೌಕೆಯಲ್ಲಿ 3, ಮನೆಯಲ್ಲಿ 5. ಕೆಳಗೆ ಚಿಕ್ಕದಾಗಿ, "ಅಜ್ಜಿಗೆ 81".

ಅವ್ವ ಅಷ್ಟರಲ್ಲಿ ಊರಿಗೆ ಹೋಗಿಯಾಗಿತ್ತು. ನಿನ್ನೆ ಮಗಳೇ ಫೋನ್ ಮಾಡಿ ಹೇಳಿದಳು. ಆ ಕಡೆ ಒಂದು ಗಳಿಗೆ ಸದ್ದಿಲ್ಲ.

"ಎಂಬತ್ತೊಂದಾ? ಹಂಗಾದ್ರೆ ಹೋಗ್ಬುಟ್ಟು ಬಾ. ಅವರೆಕಾಯಿ ಕಾಲಕ್ಕೆ ಬಂದ್ಬುಡು ಕನವ್ವ."