ಇವನು ನಿಜವಾದ ಕೌಬಾಯಾ?

ನನ್ನ ಮೇಜಿನ ಎದುರಿನ ಗೋಡೆ ಮೇಲೆ ಒಂದು ಹಳೇ ಮೂಕಿ ಚಿತ್ರದ ಪೋಸ್ಟರ್ ಇದೆ. ಕೌಬಾಯ್ ಹ್ಯಾಟ್ ಹಾಕಿದ ಕಪ್ಪು ಮನುಷ್ಯ. ಮನೆಗೆ ಬಂದವರೆಲ್ಲ ಕೇಳೋದು ಒಂದೇ: "ಇವನು ನಿಜವಾದ ಕೌಬಾಯಾ, ಇಲ್ಲ ಸುಮ್ನೆ ವೇಷಾನಾ?" ಹೇಳಿ ಹೇಳಿ ಸಾಕಾಗಿದೆ. ಇನ್ನು ಕೇಳಿದವರಿಗೆ ಇದನ್ನೇ ಕಳಿಸುತ್ತೇನೆ.

ನಿಜವಾದವರೇ. ಹೆಸರು ಬಿಲ್ ಪಿಕೆಟ್. 1870ರಲ್ಲಿ ಟೆಕ್ಸಾಸ್‌ನಲ್ಲಿ ಹುಟ್ಟಿದವರು. ಓಡುವ ಕುದುರೆಯಿಂದ ಹೋರಿ ಮೇಲೆ ಧುಮುಕಿ, ಎರಡೂ ಕೋಡು ಹಿಡಿದು ಕತ್ತು ತಿರುಚಿ, ಅದರ ಮೇಲ್ದುಟಿಯನ್ನು ಹಲ್ಲಲ್ಲಿ ಕಚ್ಚಿ ಕೆಡವುತ್ತಿದ್ದರು. ಅದಕ್ಕೆ ಬುಲ್‌ಡಾಗಿಂಗ್ ಅಂತ ಹೆಸರು. ಕಚ್ಚುವುದೊಂದು ಬಿಟ್ಟು, ರೋಡಿಯೋ ಅನ್ನೋ ಕೌಬಾಯ್ ಪಂದ್ಯಗಳಲ್ಲಿ ಆ ಆಟ ಇವತ್ತಿಗೂ ಇದೆ. ಬಿಳಿ ಹೀರೋ ಹ್ಯಾಟ್ ಹಾಕಿ ಬಂದರೆ ಯಾರೂ "ನಿಜವಾದ" ಅನ್ನೋ ಮಾತೇ ಎತ್ತಲ್ಲ, ಅಲ್ವಾ? ನನಗೆ ಸಿಟ್ಟು ಬರೋದು ಅಲ್ಲೇ.

ಚಿತ್ರದ ಹೆಸರು 'ದಿ ಬುಲ್-ಡಾಗರ್'. 1920ರ ದಶಕದ ಶುರುವಿನಲ್ಲಿ ರಿಚರ್ಡ್ ನಾರ್ಮನ್ ಅದನ್ನು ಓಕ್ಲಹೋಮಾದ ಬೋಲಿ ಎಂಬ ಕಪ್ಪು ಜನರ ಊರಿನಲ್ಲಿ ತೆಗೆದರು. ನೋಡುವವರೂ ಕಪ್ಪು ಜನ, ನಟಿಸಿದವರೂ ಅವರೇ. ಪಿಕೆಟ್‌ಗೆ ಆಗ ಐವತ್ತರ ಆಸುಪಾಸು. ಈಗ ಉಳಿದಿರುವುದು ಕೆಲವು ತುಣುಕು ಮಾತ್ರ.

1994ರಲ್ಲಿ ಅವರ ಹೆಸರಲ್ಲಿ ಅಮೆರಿಕದ ಅಂಚೆ ಇಲಾಖೆ ಸ್ಟಾಂಪ್ ತರಲು ಹೊರಟಿತು. ಅಚ್ಚಾಗಿದ್ದ ಮುಖ ಅವರದಲ್ಲ, ಸೋದರ ಬೆನ್‌ದು! ಅದನ್ನು ವಾಪಸ್ ಪಡೆದು ಮತ್ತೆ ಅಚ್ಚು ಹಾಕಿಸಿದರು. ಗೌರವ ಕೊಡಲು ಹೊರಟವರೂ ಮುಖವನ್ನು ಸರಿಯಾಗಿ ನೋಡಿರಲಿಲ್ಲ.

ಕಳೆದ ಬೇಸಿಗೆ ರಜೆಯಲ್ಲಿ ಅಕ್ಕನ ಮಗಳು ನನ್ನ ಪಕ್ಕ ಕೂತು ಆ ತುಣುಕು ನೋಡಿದಳು. ಎರಡನೇ ಕ್ಲಾಸು. "ಚಿಕ್ಕಮ್ಮ, ಇದನ್ನ ಇವರಿಗೆ ಯಾರು ಹೇಳಿಕೊಟ್ರು?" ಇಷ್ಟು ವರ್ಷದಲ್ಲಿ ಒಬ್ಬರೂ ಇದನ್ನು ಕೇಳಿರಲಿಲ್ಲ. ನನಗೆ ಎಷ್ಟು ಖುಷಿಯಾಯಿತು ಅಂದರೆ, ಲ್ಯಾಪ್‌ಟಾಪ್ ಅಲ್ಲೇ ನಿಲ್ಲಿಸಿ ಅವಳ ಕಡೆ ತಿರುಗಿ ಕೂತೆ.

ನಾಯಿಗಳು ಕಣೇ, ಅಂದೆ. ಅಲ್ಲಿ ಮುಳ್ಳುಪೊದೆ ಹೊಕ್ಕ ದನಗಳನ್ನು ಹಿಡಿಯಲು ಬುಲ್‌ಡಾಗ್ ಬಿಡುತ್ತಿದ್ದರು. ನಾಯಿ ತುಟಿ ಕಚ್ಚಿ ಹಿಡಿದರೆ ಸಾಕು, ಅಷ್ಟು ದೊಡ್ಡ ದನ ಅಲ್ಲಾಡದೆ ನಿಲ್ಲುತ್ತಿತ್ತು. ಹುಡುಗ ಬಿಲ್ ಅದನ್ನು ನೋಡಿಯೇ ಕಲಿತ ಅಂತ ಹೇಳುತ್ತಾರೆ.

ಅವಳು ತನ್ನ ಮೇಲ್ದುಟಿಯನ್ನು ಎರಡು ಬೆರಳಲ್ಲಿ ಹಿಡಿದು ಮೆಲ್ಲಗೆ ಒತ್ತಿ ನೋಡಿಕೊಂಡಳು. "ಹೋರಿಗೆ ತುಂಬಾ ನೋವಾಗಿರುತ್ತೆ ಚಿಕ್ಕಮ್ಮ," ಅಂದಳು. ಹೌದು, ಆಗಿರುತ್ತೆ ಅಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಇನ್ನೊಂದು ಸಲ ಹಾಕು, ಅವರ ಮುಖ ನೋಡಬೇಕು," ಅಂದಳು.